ಮಳೆ ಮನೆಯಲ್ಲಿ ಗೇಮ್ ಸೌಂಡ್: ಆಟದ ಸದ್ದನ್ನು ಬೇರೆಯಾಗಿ, ಸ್ವಚ್ಛವಾಗಿ ರೆಕಾರ್ಡ್ ಮಾಡುವ ಸಮಗ್ರ ಮಾರ್ಗದರ್ಶಿ

ಮಳೆಗಾಲದಲ್ಲಿ ತೀರ್ಥಹಳ್ಳಿ ಹತ್ತಿರದ ತಂಗಿ ಮನೆಯಲ್ಲಿ ನಾಲ್ಕು ದಿನ ಇದ್ದೆ. ಹೊರಗೆ ಹನಿ ಕಡಿಯದ ಮಳೆ. ಅವಳ ಮಗನಿಗೆ ಪಿಯುಸಿ. ಭಾನುವಾರ ಊಟ ಮುಗಿಸಿ ಲ್ಯಾಪ್‌ಟಾಪ್ ಮುಂದೆ ಕೂತವನು ಎರಡು ಗಂಟೆ ಕಾರ್ ರೇಸಿಂಗ್ ಆಡಿ ರೆಕಾರ್ಡ್ ಮಾಡಿದ. ಮುಗಿದ ಮೇಲೆ ಹಾಕಿ ನೋಡಿದರೆ ಚಿತ್ರ ಸೊಗಸಾಗಿ ಬಂದಿದೆ. ಕಾರು ಓಡುತ್ತಿದೆ, ತಿರುವಿನಲ್ಲಿ ಹೊಗೆ ಏಳುತ್ತಿದೆ. ಇಂಜಿನ್ ಸದ್ದು ಮಾತ್ರ ಇಲ್ಲವೇ ಇಲ್ಲ. ಕೇಳುತ್ತಿದ್ದದ್ದು ಶೀಟಿನ ಮೇಲೆ ಬೀಳುವ ಮಳೆ, ಕೀಬೋರ್ಡಿನ ಟಕಟಕ, ನಡುವೆ ಒಂದು ಸಲ ತಂಗಿ ಅಡುಗೆಮನೆಯಿಂದ "ಕಾಫಿ ಆರ್ತಾ ಇದೆ, ಬಾರೋ" ಅಂದದ್ದು.

"ಮಾವ, ನಂಗೆ ಹೆಡ್‌ಸೆಟ್‌ನಲ್ಲಿ ಎಲ್ಲ ಕೇಳ್ತಿತ್ತು" ಅಂದ. ಮುಖ ಸಣ್ಣದಾಗಿತ್ತು.

ಅವನಿಗೆ ಕೇಳಿಸಿದ್ದು ನಿಜ. ಆ ದಿನ ಅವನು ಹೊಸ ಯುಎಸ್‌ಬಿ ಹೆಡ್‌ಸೆಟ್ ಚುಚ್ಚಿದ್ದ. ಚುಚ್ಚಿದ ಕೂಡಲೇ ವಿಂಡೋಸ್ ಎಲ್ಲ ಸದ್ದನ್ನೂ ಹೆಡ್‌ಸೆಟ್‌ಗೆ ತಿರುಗಿಸಿತು. ರೆಕಾರ್ಡ್ ಮಾಡುತ್ತಿದ್ದ ಒಬಿಎಸ್ ಸಾಫ್ಟ್‌ವೇರ್ ಮಾತ್ರ ಹಳೇ ಲ್ಯಾಪ್‌ಟಾಪ್ ಸ್ಪೀಕರ್‌ನ ದಾರಿಯನ್ನೇ ಕಾಯುತ್ತಾ ಕೂತಿತ್ತು. ಆ ದಾರಿಯಲ್ಲಿ ಸದ್ದು ಹರಿಯಲೇ ಇಲ್ಲ.

ಅವತ್ತು ಸಂಜೆ ಇಬ್ಬರೂ ಕೂತು ಎಲ್ಲವನ್ನೂ ಮೊದಲಿನಿಂದ ಕಟ್ಟಿದೆವು. ಈ ಬರಹ ಅದೇ ಕೆಲಸದ ವಿವರ. ಶಿವಮೊಗ್ಗ, ಸಾಗರ, ಹೊಸನಗರ ಕಡೆಯ ಹುಡುಗರು ಹುಡುಗಿಯರು ಈಗ ಮನೆಯಿಂದಲೇ ಗೇಮ್ ಸ್ಟ್ರೀಮ್ ಮಾಡುತ್ತಿದ್ದಾರೆ, ಕನ್ನಡದಲ್ಲೇ ಕಾಮೆಂಟರಿ ಹೇಳುತ್ತಿದ್ದಾರೆ. ಅವರ ಮಾತು, ಆಟದ ಸದ್ದು ಎರಡೂ ಸರಿಯಾಗಿ ಕೇಳಬೇಕು ಅನ್ನುವುದು ನನ್ನ ಆಸೆ.

ಸದ್ದು ಹರಿಯುವ ದಾರಿ

ಒಂದು ವಿಷಯ ಮೊದಲು ತಲೆಯಲ್ಲಿ ಕೂರಬೇಕು. ನಿಮ್ಮ ಕಿವಿಗೆ ಕೇಳುವುದನ್ನು ಒಬಿಎಸ್ ಕೇಳುವುದಿಲ್ಲ. ನೀವು ತೋರಿಸಿದ ದಾರಿಯಲ್ಲಿ ಏನು ಹರಿಯುತ್ತದೋ ಅದನ್ನು ಮಾತ್ರ ಅದು ಹಿಡಿಯುತ್ತದೆ.

ಕಂಪ್ಯೂಟರಿನಲ್ಲಿ ಆಟ, ಬ್ರೌಸರ್, ಡಿಸ್ಕಾರ್ಡ್ (ಆಡುತ್ತಾ ಗೆಳೆಯರ ಜೊತೆ ಮಾತಾಡುವ ಆ್ಯಪ್), ವಾಟ್ಸಾಪ್ ಎಲ್ಲವೂ ಬೇರೆ ಬೇರೆಯಾಗಿ ಸದ್ದು ಹುಟ್ಟಿಸುತ್ತವೆ. ವಿಂಡೋಸ್ ಅವನ್ನೆಲ್ಲ ಕೂಡಿಸಿ ಒಂದೇ ಹೊಳೆ ಮಾಡಿ ಹೆಡ್‌ಫೋನಿಗೋ ಸ್ಪೀಕರಿಗೋ ಬಿಡುತ್ತದೆ. ಒಬಿಎಸ್‌ನಲ್ಲಿ ಡೆಸ್ಕ್‌ಟಾಪ್ ಆಡಿಯೋ ಅಂತ ಇರುವುದು ಈ ಕೂಡಿದ ಹೊಳೆಯನ್ನು ಹಿಡಿಯುವ ವ್ಯವಸ್ಥೆ. ಸುಲಭ ಹೌದು. ಆದರೆ ಒಮ್ಮೆ ಕೂಡಿದ ಮೇಲೆ ಬೇರೆ ಮಾಡುವುದು ಕಷ್ಟ. ವಾಟ್ಸಾಪ್ ಟಿಂಗ್ ಅಂದರೆ ಅದೂ ರೆಕಾರ್ಡ್ ಆಗುತ್ತದೆ. ಗೆಳೆಯ ಡಿಸ್ಕಾರ್ಡಿನಲ್ಲಿ ಕೆಮ್ಮಿದರೆ ಅದೂ ಸೇರುತ್ತದೆ.

ಅಡಿಕೆ ತೋಟ ನೋಡಿದವರಿಗೆ ಇದು ಬೇಗ ಅರ್ಥವಾಗುತ್ತದೆ. ಮಳೆ ನೀರು ಬೇರಿನಲ್ಲಿ ನಿಲ್ಲಬಾರದು ಅಂತ ಸಾಲುಗಳ ನಡುವೆ ಬಸಿಗಾಲುವೆ ತೆಗೆಯುತ್ತೇವೆ. ನೀರು ಎಲ್ಲಿಂದ ಬಂತು, ಎಲ್ಲಿಗೆ ಹೋಯಿತು ಅಂತ ನೋಡಿದರೆ ಗೊತ್ತಾಗುತ್ತದೆ. ಸದ್ದಿಗೂ ಹಾಗೇ ಮಾಡಬೇಕು. ಆಟಕ್ಕೊಂದು ಕಾಲುವೆ, ಮೈಕಿಗೊಂದು, ಗೆಳೆಯರ ಮಾತಿಗೊಂದು. ಇಡೀ ಬರಹದಲ್ಲಿ ನಾವು ಮಾಡುವುದು ಇದೇ.

ಶುರು ಮಾಡುವ ಮುಂಚೆ

ಒಬಿಎಸ್ ಸ್ಟುಡಿಯೋ ಉಚಿತ. ಅದರ ಕೋಡ್ ಕೂಡ ಮುಕ್ತ. ಸಾಫ್ಟ್‌ವೇರಿನ ಸ್ವಂತ ವೆಬ್‌ಸೈಟಿನಿಂದಲೇ ಇಳಿಸಿಕೊಳ್ಳಿ. ಆವೃತ್ತಿ 28 ಅಥವಾ ಅದಕ್ಕಿಂತ ಹೊಸದು ಇರಲಿ. ಯಾಕೆಂದರೆ ಒಂದೊಂದು ಆ್ಯಪ್‌ನ ಸದ್ದನ್ನು ಬೇರೆಯಾಗಿ ಹಿಡಿಯುವ ಸೌಲಭ್ಯ ಒಬಿಎಸ್ ಒಳಗೇ ಸೇರಿದ್ದು 2022ರಲ್ಲಿ ಬಂದ ಆ ಆವೃತ್ತಿಯಿಂದ. ವಿಂಡೋಸ್ 10 ಇದ್ದರೆ ಅದರ 2004 ಎಂಬ ಹೆಸರಿನ (ಇದು ಇಸವಿಯಲ್ಲ) ಆವೃತ್ತಿಯಾದರೂ ಬೇಕು. ವಿಂಡೋಸ್ 11 ಇದ್ದರೆ ಯೋಚನೆಯೇ ಬೇಡ.

ವೈರ್ ಇರುವ ಹೆಡ್‌ಫೋನ್ ಹಾಕಿಕೊಳ್ಳಿ. ಇದನ್ನು ಸುಮ್ನೆ ಹೇಳುತ್ತಿಲ್ಲ. ಸ್ಪೀಕರಿನಲ್ಲಿ ಆಟ ಆಡಿದರೆ ಅದೇ ಸದ್ದು ಮೈಕ್ ಮೂಲಕ ಮತ್ತೊಮ್ಮೆ ಒಳಗೆ ಬರುತ್ತದೆ. ನೋಡುವವರಿಗೆ ಎಲ್ಲವೂ ಬಾವಿಯೊಳಗಿಂದ ಬಂದ ಹಾಗೆ ಕೇಳುತ್ತದೆ. ಬ್ಲೂಟೂತ್ ಹೆಡ್‌ಸೆಟ್‌ನಲ್ಲಿ ಬೇರೆ ತೊಂದರೆ ಇದೆ. ಅದರ ಮೈಕನ್ನೂ ಬಳಸಲು ಹೋದರೆ ಸಾಮಾನ್ಯವಾಗಿ ಅದು ಫೋನ್ ಕರೆಯ ಮಟ್ಟಕ್ಕೆ ಇಳಿದುಬಿಡುತ್ತದೆ. ಎಡ ಬಲ ಬೇರೆ ಇರುವುದಿಲ್ಲ, ಗುಂಡಿನ ಸದ್ದು ಡಬ್ಬಿ ಬಡಿದಂತೆ ಕೇಳುತ್ತದೆ. ಬ್ಲೂಟೂತ್ ಬಿಟ್ಟರೆ ಬೇರೆ ಇಲ್ಲ ಅನ್ನುವವರು ಕೇಳಲು ಅದನ್ನು ಇಟ್ಟುಕೊಂಡು, ಮಾತಿಗೆ ಲ್ಯಾಪ್‌ಟಾಪಿನ ಮೈಕನ್ನೋ ಒಂದು ಸಾದಾ ವೈರ್ ಮೈಕನ್ನೋ ಬಳಸಿ.

ಇನ್ನೊಂದು ಚಿಕ್ಕ ಕೆಲಸ. ಒಬಿಎಸ್‌ನಲ್ಲಿ ಸೆಟ್ಟಿಂಗ್ಸ್, ಆಡಿಯೋ ಪುಟ ತೆರೆದು ಸ್ಯಾಂಪಲ್ ರೇಟ್ (ಸೆಕೆಂಡಿಗೆ ಎಷ್ಟು ಸಲ ಸದ್ದನ್ನು ಅಳೆಯುತ್ತದೆ ಅನ್ನುವ ಲೆಕ್ಕ) 48 ಕಿಲೋಹರ್ಟ್ಸ್, ಅಂದರೆ 48,000 ಇದೆಯಾ ನೋಡಿ. ವಿಂಡೋಸ್‌ನ ಸೌಂಡ್ ಸೆಟ್ಟಿಂಗ್‌ನಲ್ಲಿ ನಿಮ್ಮ ಹೆಡ್‌ಫೋನ್ ಮತ್ತು ಮೈಕಿಗೂ ಅದೇ 48,000 ಇರಲಿ. ಒಂದು ಕಡೆ 44,100, ಇನ್ನೊಂದು ಕಡೆ 48,000 ಇದ್ದರೂ ಬಹಳ ಸಲ ನಡೆದುಹೋಗುತ್ತದೆ. ಆದರೆ ಕೆಲವು ಕಂಪ್ಯೂಟರ್‌ಗಳಲ್ಲಿ ಕರಕರ ಸದ್ದು ಶುರುವಾಗುವುದು ಇಲ್ಲಿಂದಲೇ.

ಮೊದಲ ಹೆಜ್ಜೆ: ಕೂಡಿದ ಹೊಳೆಯನ್ನು ಕಟ್ಟಿ

ಅದೇ ಆಡಿಯೋ ಪುಟದಲ್ಲಿ ಗ್ಲೋಬಲ್ ಆಡಿಯೋ ಡಿವೈಸಸ್ ಅನ್ನುವ ಭಾಗ ಇದೆ. ಅಲ್ಲಿ ಡೆಸ್ಕ್‌ಟಾಪ್ ಆಡಿಯೋ ಎದುರು ಡಿಸೇಬಲ್ಡ್ ಆಯ್ಕೆ ಮಾಡಿ.

ಹುಡುಗರು ಇಲ್ಲಿ ಹೆದರುತ್ತಾರೆ. ಸದ್ದು ಬೇಕು ಅಂದರೆ ಸದ್ದನ್ನೇ ಬಂದ್ ಮಾಡಿ ಅಂತೀರಲ್ಲ ಅಂತ. ನನ್ನ ತಂಗಿ ಮಗನೂ ಕೇಳಿದ. ಇದನ್ನು ಬಿಟ್ಟರೆ ಆಟದ ಸದ್ದು ಎರಡು ದಾರಿಯಿಂದ ಬರುತ್ತದೆ: ಒಮ್ಮೆ ಕೂಡಿದ ಹೊಳೆಯಿಂದ, ಒಮ್ಮೆ ನಾವು ಈಗ ಮಾಡುವ ಕಾಲುವೆಯಿಂದ. ಎರಡರ ನಡುವೆ ಕೂದಲೆಳೆಯಷ್ಟು ಸಮಯದ ವ್ಯತ್ಯಾಸ ಇರುತ್ತದೆ. ಅಷ್ಟು ಸಾಕು, ಕೊಳವೆಯೊಳಗೆ ಮಾತಾಡಿದ ಹಾಗೆ ಸದ್ದು ಟೊಳ್ಳಾಗುತ್ತದೆ. "ಎಕೋ ಬರ್ತಿದೆ ಬ್ರೋ" ಅಂತ ನೋಡುವವರು ಚಾಟ್‌ನಲ್ಲಿ ಹಾಕುವ ದೂರಿಗೆ ಎಷ್ಟೋ ಸಲ ಇದೇ ಕಾರಣ.

ಒಂದು ಹಳೇ ಲ್ಯಾಪ್‌ಟಾಪ್, ಒಂದೇ ಆಟ, ಬೇರೆ ಯಾವ ಆ್ಯಪ್ ಕೂಡ ತೆರೆದಿರುವುದಿಲ್ಲ ಅನ್ನುವವರು ಡೆಸ್ಕ್‌ಟಾಪ್ ಆಡಿಯೋ ಒಂದನ್ನೇ ಬಳಸಿದರೂ ತಪ್ಪಿಲ್ಲ. ಹಾಗೆ ಮಾಡುವುದಾದರೆ ಅಲ್ಲಿ ಡೀಫಾಲ್ಟ್ ಅಂತ ಬಿಡದೆ, ನೀವು ನಿಜಕ್ಕೂ ಕೇಳುವ ಹೆಡ್‌ಫೋನಿನ ಹೆಸರನ್ನೇ ಆರಿಸಿ. ಹೆಡ್‌ಫೋನ್ ಬದಲಾಯಿಸಿದ ದಿನ ಇಲ್ಲೂ ಬದಲಾಯಿಸುವುದನ್ನು ಮರೆಯಬೇಡಿ. ಅವತ್ತು ನಮ್ಮ ಹುಡುಗನ ಎರಡು ಗಂಟೆ ಹೋದದ್ದು ಇಲ್ಲೇ.

ಎರಡನೇ ಹೆಜ್ಜೆ: ಆಟಕ್ಕೊಂದು ಕಾಲುವೆ

ಮೊದಲು ಆಟವನ್ನು ತೆರೆಯಿರಿ. ಮೆನುವಿನ ಹಾಡು ಕೇಳುವವರೆಗೆ ಕಾಯಿರಿ. ಆಮೇಲೆ ಒಬಿಎಸ್‌ಗೆ ಬನ್ನಿ.

ಕೆಳಗೆ ಸೋರ್ಸಸ್ (ಚಿತ್ರ, ಸದ್ದು ಎಲ್ಲಿಂದ ಬರಬೇಕು ಅನ್ನುವ ಮೂಲಗಳು) ಅನ್ನುವ ಪಟ್ಟಿಯಲ್ಲಿ ಪ್ಲಸ್ ಗುರುತು ಒತ್ತಿ. ಅಪ್ಲಿಕೇಶನ್ ಆಡಿಯೋ ಕ್ಯಾಪ್ಚರ್ ಅನ್ನುವುದನ್ನು ಆರಿಸಿ. ಹೆಸರು ಕೇಳುತ್ತದೆ. "ಆಟದ ಸದ್ದು" ಅಂತ ಕನ್ನಡದಲ್ಲೇ ಕೊಡಿ, ಒಬಿಎಸ್ ಒಪ್ಪುತ್ತದೆ. ನಾಲ್ಕೈದು ಸೋರ್ಸ್ ಆದ ಮೇಲೆ ಈ ಹೆಸರುಗಳೇ ಕೈಹಿಡಿಯುವುದು. ನಂತರ ವಿಂಡೋ ಪಟ್ಟಿಯಲ್ಲಿ ನಿಮ್ಮ ಆಟವನ್ನು ಹುಡುಕಿ ಆರಿಸಿ. ಆಟವನ್ನು ಶುರು ಮಾಡುವ ಲಾಂಚರ್ ಕಿಟಕಿಯನ್ನು ಆರಿಸಬೇಡಿ, ಆಟದ ಕಿಟಕಿಯನ್ನೇ ಆರಿಸಿ.

ಅದರ ಕೆಳಗೆ ವಿಂಡೋ ಮ್ಯಾಚ್ ಪ್ರಯಾರಿಟಿ ಅಂತ ಇನ್ನೊಂದು ಸಾಲು ಇರುತ್ತದೆ. ಬಹಳ ಜನ ಇದನ್ನು ನೋಡುವುದೇ ಇಲ್ಲ. ನಾಳೆ ಆಟವನ್ನು ಮತ್ತೆ ತೆರೆದಾಗ ಒಬಿಎಸ್ ಅದನ್ನು ಹೇಗೆ ಗುರುತು ಹಿಡಿಯಬೇಕು ಅನ್ನುವುದು ಇಲ್ಲಿ ತೀರ್ಮಾನವಾಗುತ್ತದೆ. ಕೆಲವು ಆಟಗಳ ಕಿಟಕಿಯ ತಲೆಬರಹ ಆಗಾಗ ಬದಲಾಗುತ್ತದೆ. ಅಂಥವಕ್ಕೆ ಎಕ್ಸಿಕ್ಯೂಟಬಲ್ (ಆಟವನ್ನು ನಡೆಸುವ .exe ಫೈಲ್) ಹೆಸರಿನಿಂದ ಹುಡುಕುವ ಆಯ್ಕೆ ಇಡಿ. ಇವತ್ತು ಸದ್ದು ಬಂದು ನಾಳೆ ಬರಲಿಲ್ಲ ಅನ್ನುವ ತೊಂದರೆ ಇಲ್ಲೇ ತಪ್ಪುತ್ತದೆ.

ಓಕೆ ಒತ್ತಿದ ಮೇಲೆ ಆಡಿಯೋ ಮಿಕ್ಸರ್‌ನಲ್ಲಿ "ಆಟದ ಸದ್ದು" ಅನ್ನುವ ಪಟ್ಟಿ ಕಾಣುತ್ತದೆ. ಆಟದಲ್ಲಿ ಸದ್ದು ಬಂದಾಗ ಹಸಿರು ಪಟ್ಟಿ ಕುಣಿಯಬೇಕು. ಕುಣಿದರೆ ಕಾಲುವೆಯಲ್ಲಿ ನೀರು ಬಂತು ಅಂತ ಅರ್ಥ.

ಹೊಸ ಆವೃತ್ತಿಗಳಲ್ಲಿ ಆಟದ ಚಿತ್ರ ಹಿಡಿಯುವ ಗೇಮ್ ಕ್ಯಾಪ್ಚರ್ ಸೋರ್ಸಿನೊಳಗೇ ಸದ್ದನ್ನೂ ಹಿಡಿಯುವ ಟಿಕ್ ಇರುತ್ತದೆ. ಅದನ್ನು ಹಾಕಿದರೆ ಮೇಲಿನ ಸೋರ್ಸ್ ಬೇಡ. ಎರಡನ್ನೂ ಹಾಕಿದರೆ ಮತ್ತೆ ಟೊಳ್ಳು ಸದ್ದೇ. ನನಗೆ ಬೇರೆ ಸೋರ್ಸ್ ಮಾಡುವುದೇ ಇಷ್ಟ. ಚಿತ್ರವನ್ನು ಕಿತ್ತು ಮತ್ತೆ ಹಾಕಿದರೂ ಸದ್ದಿನ ಸೆಟ್ಟಿಂಗ್ ಹಾಗೇ ಉಳಿಯುತ್ತದೆ.

ಡಿಸ್ಕಾರ್ಡಿಗೂ ಹೀಗೇ ಇನ್ನೊಂದು ಸೋರ್ಸ್ ಮಾಡಿ. ಹಾಡು ಹಾಕುವ ಆ್ಯಪ್ ಇದ್ದರೆ ಅದಕ್ಕೂ ಒಂದು. ಬ್ರೌಸರಿನಲ್ಲಿ ಹಾಡು ಹಾಕುವವರು ಒಂದು ಮಾತು ಗಮನಿಸಿ: ಬ್ರೌಸರನ್ನು ಹಿಡಿದರೆ ಅದರ ಎಲ್ಲ ಟ್ಯಾಬ್‌ಗಳ ಸದ್ದೂ ಒಟ್ಟಿಗೇ ಬರುತ್ತದೆ.

ಇನ್ನೊಂದು ವಿಷಯ ನಮ್ಮ ಹುಡುಗನನ್ನು ಅರ್ಧ ಗಂಟೆ ಸುತ್ತಿಸಿತು. ಹೀಗೆ ಸೇರಿಸಿದ ಸೋರ್ಸ್ ಆ ಒಂದು ಸೀನ್‌ಗೆ (ಒಬಿಎಸ್‌ನಲ್ಲಿ ಒಮ್ಮೆಗೆ ತೋರಿಸುವ ಚಿತ್ರ, ಸದ್ದುಗಳ ಒಂದು ಜೋಡಣೆ) ಮಾತ್ರ ಸೇರಿರುತ್ತದೆ. "ಈಗ ಶುರು" ಅನ್ನುವ ಸೀನ್‌ನಿಂದ ಆಟದ ಸೀನ್‌ಗೆ ಹೋದಾಗ ಸದ್ದು ಬರುತ್ತದೆ, ವಾಪಸ್ ಬಂದಾಗ ನಿಲ್ಲುತ್ತದೆ. ಎರಡೂ ಸೀನ್‌ನಲ್ಲಿ ಬೇಕಿದ್ದರೆ ಎರಡನೆಯದರಲ್ಲಿ ಹೊಸದಾಗಿ ಮಾಡಬೇಡಿ. ಆ್ಯಡ್ ಎಕ್ಸಿಸ್ಟಿಂಗ್ ಮೂಲಕ ಅದೇ ಸೋರ್ಸನ್ನು ಸೇರಿಸಿ.

ಮೂರನೇ ಹೆಜ್ಜೆ: ಮೈಕ್, ಮತ್ತು ಮಳೆ

ಮೈಕನ್ನು ಆಡಿಯೋ ಪುಟದಲ್ಲಿ ಮೈಕ್ ಎದುರು ಹೆಸರಿಟ್ಟು ಆರಿಸಿದರೆ ಸಾಕು. ಇದು ಎಲ್ಲ ಸೀನ್‌ನಲ್ಲೂ ಕೇಳುತ್ತದೆ. ಮಾತು ಒಂದೇ ಕಿವಿಯಲ್ಲಿ ಬಂದರೆ ಅಡ್ವಾನ್ಸ್ಡ್ ಆಡಿಯೋ ಪ್ರಾಪರ್ಟೀಸ್ ತೆರೆದು ಮೈಕಿಗೆ ಮೋನೋ ಟಿಕ್ ಹಾಕಿ.

ನಮ್ಮ ಕಡೆ ನಿಜವಾದ ಕೆಲಸ ಇರುವುದು ಮೈಕಿನ ಸುತ್ತ. ಮಳೆಗಾಲದಲ್ಲಿ ಶೀಟಿನ ಮಾಡಿನ ಕೆಳಗೆ ಕೂತು ಮಾತಾಡಿದರೆ ಯಾವ ಫಿಲ್ಟರ್ ಹಾಕಿದರೂ ಪೂರ್ತಿ ಉಳಿಸುವುದಿಲ್ಲ. ಮೊದಲು ಜಾಗ ಬದಲಿಸಿ. ಹಳೇ ಮನೆಗಳಲ್ಲಿ ಹಲಗೆ ಅಟ್ಟದ ಕೆಳಗಿನ ನಡುಮನೆಯ ಕೋಣೆ ಇರುತ್ತದಲ್ವಾ, ಅಲ್ಲಿ ಮಳೆ ಸದ್ದು ಎಷ್ಟೋ ಕಡಿಮೆ. ತಂಗಿ ಮನೆಯಲ್ಲಿ ನಾವು ಜಗಲಿ ಪಕ್ಕದ ಕೋಣೆಯಿಂದ ಅಟ್ಟದ ಕೆಳಗಿನ ಕೋಣೆಗೆ ಮೇಜು ಎಳೆದೆವು. ಕಿಟಕಿಗೆ ದಪ್ಪ ಕಂಬಳಿ ಇಳಿಬಿಟ್ಟೆವು. ಮೈಕಿನ ಪಟ್ಟಿಯಲ್ಲಿ ಸುಮ್ಮನಿದ್ದಾಗಲೂ ಮೈನಸ್ 30 ಡೆಸಿಬೆಲ್ (ಸೊನ್ನೆಯಿಂದ ಕೆಳಗೆ ಹೋದಷ್ಟೂ ಸದ್ದು ಕಡಿಮೆ) ಹತ್ತಿರ ಅಲ್ಲಾಡುತ್ತಿದ್ದ ಹಸಿರು ಗೆರೆ ಮೈನಸ್ 45ರ ಕೆಳಗೆ ಹೋಯಿತು. ಇದಕ್ಕೆ ಒಂದು ರೂಪಾಯಿಯೂ ಖರ್ಚಾಗಲಿಲ್ಲ.

ಎರಡನೆಯದು, ಮೈಕನ್ನು ಬಾಯಿಯ ಹತ್ತಿರ ತನ್ನಿ. ದೂರ ಅರ್ಧವಾದರೆ ಮಾತು ಸುಮಾರು 6 ಡೆಸಿಬೆಲ್ ಜೋರಾಗುತ್ತದೆ. ಮಳೆಯ ಸದ್ದು ಕೋಣೆಯಲ್ಲೆಲ್ಲ ಹರಡಿರುವುದರಿಂದ ಇದ್ದಷ್ಟೇ ಇರುತ್ತದೆ. ಒಂದು ಗೇಣು ದೂರದಲ್ಲಿದ್ದ ಮೈಕನ್ನು ನಾಲ್ಕು ಬೆರಳಿನ ದೂರಕ್ಕೆ ತಂದು ಗೇನ್ (ಮೈಕ್ ಸದ್ದನ್ನು ಏರಿಸುವ ಮಟ್ಟ) ಇಳಿಸಿ. ಮಾತು ಅಷ್ಟೇ ಕೇಳುತ್ತದೆ, ಮಳೆ ಹಿಂದೆ ಸರಿಯುತ್ತದೆ. ಉಸಿರು ನೇರ ಬಡಿಯದ ಹಾಗೆ ಬಾಯಿಯ ಸ್ವಲ್ಪ ಪಕ್ಕಕ್ಕೆ ಇಡಿ.

ಇಷ್ಟಾದ ಮೇಲೆ ಫಿಲ್ಟರ್. ಮಿಕ್ಸರ್‌ನಲ್ಲಿ ಮೈಕಿನ ಪಕ್ಕದ ಮೂರು ಚುಕ್ಕಿ ಒತ್ತಿ ಫಿಲ್ಟರ್ಸ್ ತೆರೆಯಿರಿ. ನಾಯ್ಸ್ ಸಪ್ರೆಶನ್ ಸೇರಿಸಿ ಆರ್‌ಎನ್‌ನಾಯ್ಸ್ ಅನ್ನುವ ವಿಧಾನ ಆರಿಸಿ. ಫ್ಯಾನಿನ ಸದ್ದು, ಒಂದೇ ಸಮನೆ ಬರುವ ಮಳೆ, ರಾತ್ರಿ ಜೀರುಂಡೆಯ ಸದ್ದು ಇವನ್ನೆಲ್ಲ ಅದು ಚೆನ್ನಾಗಿ ಇಳಿಸುತ್ತದೆ. ಮಳೆ ತೀರಾ ಜೋರಾದರೆ ಮಾತಿನ ಅಂಚುಗಳನ್ನೂ ತಿನ್ನತೊಡಗುತ್ತದೆ. ಅದಕ್ಕೇ ಜಾಗ ಮೊದಲು, ಫಿಲ್ಟರ್ ಆಮೇಲೆ.

ನಾಯ್ಸ್ ಗೇಟ್ ಅನ್ನುವ ಇನ್ನೊಂದು ಫಿಲ್ಟರ್ ಇದೆ. ಮಾತಾಡದಿದ್ದಾಗ ಮೈಕಿನ ಬಾಗಿಲು ಮುಚ್ಚುತ್ತದೆ, ಮಾತಾಡಿದಾಗ ತೆರೆಯುತ್ತದೆ. ಮಳೆಗಾಲದಲ್ಲಿ ನಾನು ಅದನ್ನು ಹಾಕುವುದಿಲ್ಲ. ಮಾತಿನ ಜೊತೆಗೆ ಮಳೆ ಧೋ ಅಂತ ಬಂದು, ಮಾತು ನಿಂತ ಕೂಡಲೇ ಕತ್ತರಿಸಿದ ಹಾಗೆ ನಿಲ್ಲುತ್ತದೆ. ಒಂದೇ ಸಮ ಬರುವ ಮಳೆಗಿಂತ ಇದು ಕಿವಿಗೆ ಹೆಚ್ಚು ಕಿರಿಕಿರಿ. ಬೇಸಿಗೆಯಲ್ಲಿ ಕೀಬೋರ್ಡ್ ಸದ್ದು ತಡೆಯಲು ಬಳಸಬಹುದು.

ಮೈಕಿನಲ್ಲಿ ಗುಂಯ್ ಅನ್ನುವ ಸದ್ದು ಬರುತ್ತಿದೆಯಾ? ಲ್ಯಾಪ್‌ಟಾಪ್ ಚಾರ್ಜರ್ ತೆಗೆದು ನೋಡಿ. ಸದ್ದು ನಿಂತರೆ ತೊಂದರೆ ಕರೆಂಟಿನ ಕಡೆಯದು. ಹಳೇ ಮನೆಗಳ ವೈರಿಂಗ್‌ನಲ್ಲಿ ಅರ್ತಿಂಗ್ ಸರಿ ಇರುವುದಿಲ್ಲ, ಕೆಲವು ಇನ್ವರ್ಟರ್‌ಗಳೂ ಹೀಗೇ ಗುಂಯ್‌ಗುಡಿಸುತ್ತವೆ. ರೆಕಾರ್ಡ್ ಮಾಡುವಷ್ಟು ಹೊತ್ತು ಬ್ಯಾಟರಿಯಲ್ಲಿ ನಡೆಸಿ, ಅಥವಾ ಯುಎಸ್‌ಬಿ ಮೈಕ್ ಬಳಸಿ. ಸದ್ದು ನಿಲ್ಲಲಿ ಅಂತ ಪ್ಲಗ್ಗಿನ ಅರ್ತ್ ಪಿನ್ ಮುರಿಯುವುದು, ಅದಕ್ಕೆ ಟೇಪ್ ಸುತ್ತುವುದು ಖಂಡಿತ ಬೇಡ. ಒದ್ದೆ ನೆಲದ ಮನೆಯಲ್ಲಿ ಅದು ಜೀವದ ಪ್ರಶ್ನೆ. ಎಲೆಕ್ಟ್ರಿಷಿಯನ್ ಕರೆಸಿ ಅರ್ತಿಂಗ್ ನೋಡಿಸಿ.

ನಾಲ್ಕನೇ ಹೆಜ್ಜೆ: ಯಾವುದು ಎಷ್ಟು ಜೋರು

ಒಬಿಎಸ್ ಮಿಕ್ಸರ್‌ನಲ್ಲಿ ಮೂರು ಬಣ್ಣ. ಮೈನಸ್ 20 ಡೆಸಿಬೆಲ್‌ವರೆಗೆ ಹಸಿರು, ಅಲ್ಲಿಂದ ಮೈನಸ್ 9ರವರೆಗೆ ಹಳದಿ, ಆಮೇಲೆ ಕೆಂಪು. ಬಲತುದಿಯ ಸೊನ್ನೆಯೇ ಕೊನೆ. ಅದರ ಮೇಲೆ ಜಾಗ ಇಲ್ಲ. ಮೇಲೆ ಹೋಗಲು ನೋಡಿದ ಸದ್ದಿನ ತಲೆ ಕತ್ತರಿಸಿಹೋಗುತ್ತದೆ, ಬರ್ ಅಂತ ಒಡೆದು ಕೇಳುತ್ತದೆ. ಒಡೆದ ಸದ್ದನ್ನು ಆಮೇಲೆ ಎಡಿಟಿಂಗ್‌ನಲ್ಲಿ ಪೂರ್ತಿ ಸರಿಮಾಡಲು ಆಗುವುದಿಲ್ಲ. ಕಡಿಮೆ ಇದ್ದದ್ದನ್ನು ಏರಿಸಬಹುದು. ಹಾಗಾಗಿ ಅನುಮಾನ ಬಂದಾಗ ಕಡಿಮೆ ಕಡೆಗೇ ಇರಿ.

ನಾನು ಇಡುವ ಲೆಕ್ಕ ಇದು. ಮಾತು ಹಳದಿಯಲ್ಲಿ ಆಡುತ್ತಿರಬೇಕು, ನಗು ಅಥವಾ ಕೂಗು ಬಂದಾಗ ಕೆಂಪಿನ ಬಾಗಿಲು ಮುಟ್ಟಿ ವಾಪಸ್ ಬರಬೇಕು. ಆಟ ಹೆಚ್ಚು ಹೊತ್ತು ಹಸಿರಿನಲ್ಲಿ, ಮೈನಸ್ 30ರಿಂದ ಮೈನಸ್ 20ರ ನಡುವೆ ಇರಬೇಕು. ಬಾಂಬ್ ಸಿಡಿದಾಗ ಹಳದಿಗೆ ಹೋದರೆ ಸರಿ. ಗೆಳೆಯರ ಮಾತು ನಿಮ್ಮ ಮಾತಿಗಿಂತ ಒಂದು ಮೆಟ್ಟಿಲು ಕೆಳಗೆ. ಹಾಡು ಎಲ್ಲಕ್ಕಿಂತ ಕೆಳಗೆ.

ಇದನ್ನು ಆಟದ ಮೆನುವಿನಲ್ಲಿ ಕೂತು ಅಳೆಯಬೇಡಿ. ಮೆನುವಿನ ಹಾಡು ಮೆಲ್ಲಗಿರುತ್ತದೆ, ಯುದ್ಧ ಶುರುವಾದಾಗ ಹತ್ತು ಪಟ್ಟು ಜೋರು. ಆಟದ ಅತ್ಯಂತ ಗದ್ದಲದ ಜಾಗಕ್ಕೆ ಹೋಗಿ, ಅಲ್ಲಿ ನಿಂತು, ಅದರ ಮೇಲೆ ಮಾತಾಡಿ ಅಳೆಯಿರಿ. ಆಟದ ಸೆಟ್ಟಿಂಗ್‌ನಲ್ಲೇ ಮ್ಯೂಸಿಕ್, ಎಫೆಕ್ಟ್ಸ್, ಮಾತು ಬೇರೆ ಬೇರೆ ಇದ್ದರೆ ಮ್ಯೂಸಿಕ್ಕನ್ನು ಅಲ್ಲೇ ಇಳಿಸಿ. ಹೆಜ್ಜೆ ಸದ್ದು, ಗುಂಡಿನ ಸದ್ದು ನೋಡುವವರಿಗೂ ಬೇಕು. ಹಿನ್ನೆಲೆ ಸಂಗೀತವೇ ಮಾತನ್ನು ಜಾಸ್ತಿ ಮುಚ್ಚುವುದು.

ಮಾತಾಡಿದಾಗ ಆಟದ ಸದ್ದು ತಾನಾಗಿ ತಗ್ಗಿ, ನಿಲ್ಲಿಸಿದಾಗ ಮತ್ತೆ ಏರುವ ಹಾಗೂ ಮಾಡಬಹುದು. ಇದನ್ನು ಡಕಿಂಗ್ ಅನ್ನುತ್ತಾರೆ. "ಆಟದ ಸದ್ದು" ಸೋರ್ಸಿನ ಫಿಲ್ಟರ್ಸ್‌ನಲ್ಲಿ ಕಂಪ್ರೆಸರ್ (ಜೋರು ಸದ್ದನ್ನು ತಗ್ಗಿಸುವ ಫಿಲ್ಟರ್) ಸೇರಿಸಿ. ಕೊನೆಯಲ್ಲಿ ಸೈಡ್‌ಚೈನ್ ಅಥವಾ ಡಕಿಂಗ್ ಸೋರ್ಸ್ ಅನ್ನುವ ಸಾಲಿನಲ್ಲಿ ನಿಮ್ಮ ಮೈಕನ್ನು ಆರಿಸಿ. ರೇಶಿಯೋ (ಎಷ್ಟು ತಗ್ಗಿಸಬೇಕು) 6ಕ್ಕೆ 1, ಥ್ರೆಶೋಲ್ಡ್ (ಮೈಕಿನ ಸದ್ದು ಯಾವ ಮಟ್ಟ ದಾಟಿದರೆ ತಗ್ಗಿಸಬೇಕು) ಮೈನಸ್ 35, ಅಟ್ಯಾಕ್ (ತಗ್ಗಲು ಹಿಡಿಯುವ ಸಮಯ) 50 ಮಿಲಿಸೆಕೆಂಡ್, ರಿಲೀಸ್ (ಮತ್ತೆ ಏರಲು ಹಿಡಿಯುವ ಸಮಯ) 600 ಮಿಲಿಸೆಕೆಂಡ್ ಇಟ್ಟು ಶುರುಮಾಡಿ. ರಿಲೀಸ್ ತೀರಾ ಕಡಿಮೆ ಇಟ್ಟರೆ ಪ್ರತಿ ಪದದ ನಡುವೆಯೂ ಆಟದ ಸದ್ದು ಎದ್ದು ಬಿದ್ದು ಮಾಡುತ್ತದೆ.

ಇಲ್ಲೂ ಮಳೆ ನೆನಪಿರಲಿ. ಮೈಕ್ ಸುಮ್ಮನಿದ್ದಾಗ ಮಳೆಯೇ ಮೈನಸ್ 33 ತೋರಿಸುತ್ತಿದ್ದರೆ ಕಂಪ್ರೆಸರ್ ಅದನ್ನೂ ಮಾತು ಅಂದುಕೊಳ್ಳುತ್ತದೆ. ಆಟದ ಸದ್ದು ಇಡೀ ಹೊತ್ತು ತಗ್ಗೇ ಇರುತ್ತದೆ. ಮಳೆಯ ಮಟ್ಟ ನೋಡಿಕೊಂಡು ಥ್ರೆಶೋಲ್ಡನ್ನು ಅದರ ಮೇಲೆ ಐದಾರು ಡೆಸಿಬೆಲ್ ಎತ್ತರದಲ್ಲಿ ಇಡಿ.

ಮೈಕಿಗೆ ಕೊನೆಯ ಫಿಲ್ಟರ್ ಆಗಿ ಲಿಮಿಟರ್ (ಸದ್ದು ಒಂದು ಮಟ್ಟ ದಾಟದಂತೆ ತಡೆಯುವುದು) ಹಾಕಿ, ಮೈನಸ್ 3ಕ್ಕೆ ಕಟ್ಟಿ. ಫಿಲ್ಟರ್‌ಗಳು ಪಟ್ಟಿಯಲ್ಲಿ ಮೇಲಿನಿಂದ ಕೆಳಕ್ಕೆ ಕೆಲಸ ಮಾಡುತ್ತವೆ. ಹಾಗಾಗಿ ನಾಯ್ಸ್ ಸಪ್ರೆಶನ್ ಮೇಲೆ, ಲಿಮಿಟರ್ ಕೆಳಗೆ.

ಐದನೇ ಹೆಜ್ಜೆ: ಬೇರೆ ಬೇರೆ ಟ್ರ್ಯಾಕ್

ಇಡೀ ಕೆಲಸದಲ್ಲಿ ನನಗೆ ತುಂಬಾ ಇಷ್ಟವಾದ ಭಾಗ ಇದು. ಒಬಿಎಸ್ ಒಂದೇ ಫೈಲಿನಲ್ಲಿ 6 ಟ್ರ್ಯಾಕ್‌ಗಳವರೆಗೆ ಸದ್ದನ್ನು ಬೇರೆ ಬೇರೆಯಾಗಿ ಇಡಬಲ್ಲದು.

ಅಡ್ವಾನ್ಸ್ಡ್ ಆಡಿಯೋ ಪ್ರಾಪರ್ಟೀಸ್ ತೆರೆದರೆ ಪ್ರತಿ ಸೋರ್ಸಿನ ಎದುರು 1ರಿಂದ 6ರವರೆಗೆ ಟಿಕ್ ಬಾಕ್ಸ್ ಇರುತ್ತವೆ. ಟ್ರ್ಯಾಕ್ 1ರಲ್ಲಿ ಎಲ್ಲವೂ ಇರಲಿ, ಲೈವ್ ಹೋಗುವುದು ಅದೇ. ಟ್ರ್ಯಾಕ್ 2ರಲ್ಲಿ ಆಟ ಮಾತ್ರ. 3ರಲ್ಲಿ ಮೈಕ್ ಮಾತ್ರ. 4ರಲ್ಲಿ ಡಿಸ್ಕಾರ್ಡ್. ಉಳಿದ ಟಿಕ್‌ಗಳನ್ನು ತೆಗೆಯಿರಿ.

ಇಷ್ಟಕ್ಕೇ ಮುಗಿಯುವುದಿಲ್ಲ. ಸೆಟ್ಟಿಂಗ್ಸ್‌ನ ಔಟ್‌ಪುಟ್ ಪುಟದಲ್ಲಿ ಮೋಡನ್ನು ಅಡ್ವಾನ್ಸ್ಡ್ ಮಾಡಿ, ರೆಕಾರ್ಡಿಂಗ್ ಭಾಗದಲ್ಲಿ 1, 2, 3, 4 ನಾಲ್ಕಕ್ಕೂ ಟಿಕ್ ಹಾಕಬೇಕು. ಇದನ್ನು ಬಿಟ್ಟು ಟ್ರ್ಯಾಕ್ ಬರಲಿಲ್ಲ ಅನ್ನುವವರೇ ಹೆಚ್ಚು. ಜಾಗದ ಚಿಂತೆ ಬೇಡ. 160 ಕೆಬಿಪಿಎಸ್ ಇಟ್ಟರೆ ಒಂದು ಟ್ರ್ಯಾಕ್ ಗಂಟೆಗೆ ಸುಮಾರು 72 ಎಂಬಿ ತಿನ್ನುತ್ತದೆ, ಅಷ್ಟೇ.

ಇದರಿಂದ ಏನು ಲಾಭ? ತಂಗಿ "ಕಾಫಿ ಆರ್ತಾ ಇದೆ" ಅಂದದ್ದು ಮೈಕ್ ಟ್ರ್ಯಾಕಿನಲ್ಲಿ ಮಾತ್ರ ಇರುತ್ತದೆ. ಎಡಿಟ್ ಮಾಡುವಾಗ ಆ ಮೂರು ಸೆಕೆಂಡ್ ಮೈಕ್ ಮುಚ್ಚಿದರೆ ಆಯಿತು, ಆಟದ ಸದ್ದಿಗೆ ಏನೂ ಆಗುವುದಿಲ್ಲ. ಹಾಡಿನ ಕಾಪಿರೈಟ್ ತೊಂದರೆಗೂ ಇದೇ ದಾರಿ. ಹಾಡನ್ನು ಟ್ರ್ಯಾಕ್ 5ರಲ್ಲಿ ಒಂಟಿಯಾಗಿ ಇಟ್ಟು, ರೆಕಾರ್ಡಿಂಗ್ ಭಾಗದಲ್ಲಿ 5ಕ್ಕೂ ಟಿಕ್ ಹಾಕಿದರೆ ಯೂಟ್ಯೂಬಿಗೆ ಹಾಕುವ ವಿಡಿಯೋದಿಂದ ಅದನ್ನು ಪೂರ್ತಿ ತೆಗೆಯಬಹುದು. ಲೈವ್‌ನಲ್ಲಿ ಹೋದ ಹಾಡನ್ನು ಮಾತ್ರ ಹೀಗೆ ವಾಪಸ್ ತೆಗೆಯಲಾಗದು, ಹಾಗಾಗಿ ಲೈವ್‌ನಲ್ಲಿ ಅನುಮತಿ ಇರುವ ಹಾಡುಗಳೇ ಇರಲಿ. ಕೆಲವು ಆಟಗಳಲ್ಲಿ ಸ್ಟ್ರೀಮರ್ ಮೋಡ್ ಇದ್ದು, ಹಕ್ಕಿರುವ ಹಾಡುಗಳನ್ನು ಆಟವೇ ನಿಲ್ಲಿಸುತ್ತದೆ.

ರೆಕಾರ್ಡ್ ಆದ ಫೈಲನ್ನು ಮಾಮೂಲಿ ಪ್ಲೇಯರಿನಲ್ಲಿ ಹಾಕಿದರೆ ಮೊದಲ ಟ್ರ್ಯಾಕ್ ಮಾತ್ರ ಕೇಳುತ್ತದೆ. ಗಾಬರಿ ಬೇಡ. ವಿಎಲ್‌ಸಿ ಅನ್ನುವ ಉಚಿತ ಪ್ಲೇಯರಿನಲ್ಲಿ ಆಡಿಯೋ ಮೆನುವಿನಿಂದ ಬೇರೆ ಟ್ರ್ಯಾಕ್ ಆರಿಸಿ ಕೇಳಬಹುದು.

ಫೈಲಿನ ವಿಧ ಎಂಕೆವಿ ಇರಲಿ. ಕರೆಂಟ್ ಯಾವಾಗ ಹೋಗುತ್ತದೆ ಅಂತ ಮಳೆಗಾಲದಲ್ಲಿ ಹೇಳಲಾಗದು. ಮಾಮೂಲಿ ಎಂಪಿ4 ರೆಕಾರ್ಡ್ ಆಗುತ್ತಿರುವಾಗ ಕಂಪ್ಯೂಟರ್ ಆರಿದರೆ ಇಡೀ ಫೈಲ್ ತೆರೆಯದೇ ಹೋಗುತ್ತದೆ. ಎಂಕೆವಿಯಲ್ಲಿ ಅಲ್ಲಿಯವರೆಗಿನದು ಉಳಿಯುತ್ತದೆ. ಆಮೇಲೆ ಫೈಲ್ ಮೆನುವಿನ ರೀಮಕ್ಸ್ ರೆಕಾರ್ಡಿಂಗ್ಸ್ ಬಳಸಿದರೆ ಗುಣಮಟ್ಟ ಕೆಡದೆ ಎಂಪಿ4 ಆಗುತ್ತದೆ, ಟ್ರ್ಯಾಕ್‌ಗಳೂ ಉಳಿಯುತ್ತವೆ.

ಸದ್ದು ಬರಲೇ ಇಲ್ಲ ಅಂದರೆ

ಮಿಕ್ಸರ್ ನೋಡಿ. ಪಟ್ಟಿ ಕುಣಿಯುತ್ತಿದೆಯಾ ಇಲ್ಲವಾ ಅನ್ನುವುದೇ ಮೊದಲ ಪ್ರಶ್ನೆ.

ಕುಣಿಯುತ್ತಿಲ್ಲ ಅಂದರೆ ಸದ್ದು ಒಬಿಎಸ್‌ವರೆಗೆ ಬಂದೇ ಇಲ್ಲ. ಸೋರ್ಸ್ ತೆರೆದು ಸರಿಯಾದ ಆಟ ಆರಿಸಿದೆಯಾ ನೋಡಿ. ವಿಂಡೋಸ್ ವಾಲ್ಯೂಮ್ ಮಿಕ್ಸರ್‌ನಲ್ಲಿ ಆ ಆಟ ಮ್ಯೂಟ್ ಆಗಿದೆಯಾ ನೋಡಿ. ಮೈಕ್ ಕುಣಿಯದಿದ್ದರೆ ವಿಂಡೋಸ್‌ನ ಪ್ರೈವೆಸಿ ಸೆಟ್ಟಿಂಗ್‌ನಲ್ಲಿ ಮೈಕಿಗೆ ಅನುಮತಿ ಇದೆಯಾ ಪರೀಕ್ಷಿಸಿ.

ಕುಣಿಯುತ್ತಿದೆ, ಆದರೆ ಫೈಲಿನಲ್ಲಿ ಇಲ್ಲ ಅಂದರೆ ತೊಂದರೆ ಟ್ರ್ಯಾಕ್‌ಗಳಲ್ಲಿದೆ, ಅಥವಾ ಆಡಿಯೋ ಮಾನಿಟರಿಂಗ್ ಅನ್ನುವುದು ಮಾನಿಟರ್ ಓನ್ಲಿಗೆ (ನಿಮಗೆ ಮಾತ್ರ ಕೇಳಿಸಿ, ಫೈಲಿಗೆ ಹೋಗದ ಆಯ್ಕೆ) ಹೋಗಿದೆ. ಆಟದ ಸದ್ದಿಗೆ ಮಾನಿಟರ್ ಆಫ್ ಇರಲಿ. ಆಟದಿಂದ ನಿಮಗೆ ಹೇಗೂ ನೇರ ಕೇಳುತ್ತಿದೆಯಲ್ಲ.

ಮಾತು ಮತ್ತು ಮುಖ ಹೊಂದುತ್ತಿಲ್ಲ ಅಂದರೆ ಕ್ಯಾಮೆರಾ ಮುಂದೆ ಒಂದು ಚಪ್ಪಾಳೆ ತಟ್ಟಿ ರೆಕಾರ್ಡ್ ಮಾಡಿ. ಎಡಿಟಿಂಗ್‌ನಲ್ಲಿ ಕೈ ಸೇರಿದ ಚಿತ್ರಕ್ಕೂ ಸದ್ದಿಗೂ ಎಷ್ಟು ಮಿಲಿಸೆಕೆಂಡ್ ವ್ಯತ್ಯಾಸ ಅಂತ ಎಣಿಸಿ. ಸಾಮಾನ್ಯವಾಗಿ ವೆಬ್‌ಕ್ಯಾಮ್ ಚಿತ್ರ ತಡವಾಗಿ ಬರುತ್ತದೆ. ಅಡ್ವಾನ್ಸ್ಡ್ ಆಡಿಯೋ ಪ್ರಾಪರ್ಟೀಸ್‌ನಲ್ಲಿ ಸದ್ದನ್ನು ತಡಮಾಡುವ ಸಿಂಕ್ ಆಫ್‌ಸೆಟ್ ಇದೆ, ಅಷ್ಟನ್ನೇ ಮೈಕಿನ ಎದುರು ಅಲ್ಲಿ ಹಾಕಿ.

ಮೊಬೈಲ್ ಆಟ, ಮ್ಯಾಕ್, ಪ್ಲೇಸ್ಟೇಷನ್

ಫೋನಿನಲ್ಲಿ ಆಡುವವರಿಗೆ ಎಸ್‌ಸಿಆರ್‌ಸಿಪಿವೈ ಅನ್ನುವ ಉಚಿತ ಸಾಫ್ಟ್‌ವೇರ್ ಇದೆ. ಯುಎಸ್‌ಬಿ ಕೇಬಲ್ ಮೂಲಕ ಆಂಡ್ರಾಯ್ಡ್ ಫೋನಿನ ಪರದೆಯನ್ನು ಕಂಪ್ಯೂಟರಿಗೆ ತರುತ್ತದೆ. 2023ರಲ್ಲಿ ಬಂದ ಆವೃತ್ತಿ 2.0ರಿಂದ ಸದ್ದನ್ನೂ ತರುತ್ತದೆ. ಆಂಡ್ರಾಯ್ಡ್ 11 ಅಥವಾ ಮೇಲಿನದು ಬೇಕು. ಸದ್ದು ಕಂಪ್ಯೂಟರಿಗೆ ಬಂದಾಗ ಫೋನಿನಲ್ಲಿ ಕೇಳುವುದಿಲ್ಲ, ಆದ್ದರಿಂದ ಹೆಡ್‌ಫೋನನ್ನು ಕಂಪ್ಯೂಟರಿಗೇ ಹಾಕಿ. ಆ ಕಿಟಕಿಯನ್ನೇ ಅಪ್ಲಿಕೇಶನ್ ಆಡಿಯೋ ಕ್ಯಾಪ್ಚರ್‌ನಲ್ಲಿ ಆರಿಸಿದರೆ ಉಳಿದದ್ದೆಲ್ಲ ಮೇಲಿನಂತೆಯೇ.

ಮ್ಯಾಕ್‌ನಲ್ಲಿ ಮ್ಯಾಕ್‌ಒಎಸ್ 13 ಅಥವಾ ಮೇಲಿದ್ದರೆ ಹೊಸ ಒಬಿಎಸ್‌ನ ಸ್ಕ್ರೀನ್ ಕ್ಯಾಪ್ಚರ್ ಸದ್ದನ್ನೂ ಹಿಡಿಯುತ್ತದೆ. ಅದಕ್ಕಿಂತ ಹಳೆಯದಾದರೆ ಬ್ಲ್ಯಾಕ್‌ಹೋಲ್‌ನಂಥ ವರ್ಚುವಲ್ ಸಾಧನ (ಒಂದು ಆ್ಯಪ್‌ನ ಸದ್ದನ್ನು ಇನ್ನೊಂದಕ್ಕೆ ಸಾಗಿಸುವ ಸಾಫ್ಟ್‌ವೇರ್) ಹಾಕಿಕೊಳ್ಳಬೇಕು. ಪ್ಲೇಸ್ಟೇಷನ್‌ನಿಂದ ಕ್ಯಾಪ್ಚರ್ ಕಾರ್ಡ್ ಮೂಲಕ ತರುವವರು ಪ್ಲೇಸ್ಟೇಷನ್ ಸೆಟ್ಟಿಂಗ್‌ನಲ್ಲಿ ಎಚ್‌ಡಿಸಿಪಿ (ನಕಲು ತಡೆಯುವ ವ್ಯವಸ್ಥೆ) ಬಂದ್ ಮಾಡಿರಬೇಕು, ಇಲ್ಲದಿದ್ದರೆ ಆಟ ಕ್ಯಾಪ್ಚರ್ ಆಗುವುದಿಲ್ಲ.

ಲೈವ್ ಬಟನ್ ಒತ್ತುವ ಮುಂಚೆ

ಒಂದು ನಿಮಿಷ ಪರೀಕ್ಷೆಯ ರೆಕಾರ್ಡಿಂಗ್. ಪ್ರತಿ ಸಲ, ನಿನ್ನೆ ಸರಿ ಇದ್ದರೂ. ಹತ್ತು ಸೆಕೆಂಡ್ ಸುಮ್ಮನಿರಿ, ಮಳೆ ಎಷ್ಟಿದೆ ಅಂತ ಗೊತ್ತಾಗುತ್ತದೆ. ಹತ್ತು ಸೆಕೆಂಡ್ ಆಟದ ಸದ್ದು ಮಾತ್ರ. ಆಮೇಲೆ ಆಟದ ಮೇಲೆ ಮಾತಾಡಿ, ಒಮ್ಮೆ ಜೋರಾಗಿ ನಗಿ. ರೆಕಾರ್ಡಿಂಗ್ ನಿಲ್ಲಿಸಿ ಫೈಲನ್ನು ಹೆಡ್‌ಫೋನ್‌ನಲ್ಲಿ ಕೇಳಿ. ಆಮೇಲೆ ಫೋನಿನ ಸ್ಪೀಕರಿನಲ್ಲೂ ಕೇಳಿ, ಯಾಕೆಂದರೆ ನಿಮ್ಮನ್ನು ನೋಡುವವರಲ್ಲಿ ಬಹಳ ಜನ ಫೋನಿನಲ್ಲೇ ನೋಡುತ್ತಾರೆ. ಅಲ್ಲಿ ಮಾತು ಸ್ಪಷ್ಟ ಇದ್ದರೆ ಎಲ್ಲ ಕಡೆಯೂ ಸ್ಪಷ್ಟ ಇರುತ್ತದೆ.

ಮರುದಿನ ಸಂಜೆ ನಮ್ಮ ಹುಡುಗ ಅದೇ ರೇಸನ್ನು ಮತ್ತೆ ಆಡಿದ. ಮುಗಿದ ಮೇಲೆ ವಿಎಲ್‌ಸಿ ತೆರೆದು ಟ್ರ್ಯಾಕ್ 2 ಹಾಕಿ ಹೆಡ್‌ಸೆಟ್ಟನ್ನು ನನ್ನ ಕಿವಿಗಿಟ್ಟ. ಹೊರಗೆ ಮಳೆ ಹಾಗೇ ಸುರಿಯುತ್ತಿತ್ತು. ಒಳಗೆ ಕೇಳಿದ್ದು ಇಂಜಿನ್ ಒಂದೇ, ತಿರುವಿನಲ್ಲಿ ಗೇರ್ ಇಳಿಯುವುದೂ ಸೇರಿ.